ಶಾಲಾ ಜಿಲ್ಲೆ ‘ಆಗದು’ ಎಂದರೆ ಅದನ್ನು ಬರೆಸಿಕೊಳ್ಳುವುದು ಹೇಗೆ?

ಅಮೆರಿಕದಲ್ಲಿ ನೆಲೆಸಿದ ಕನ್ನಡಿಗ ತಂದೆತಾಯಿಗಳು ಕಲಿಕೆಯ ತೊಡಕಿರುವ ಮಗುವಿಗೆ ವಿಶೇಷ ಶಿಕ್ಷಣ ಕೋರುವಾಗ ಮಾಡುವ ತಪ್ಪು ಬಹುಮಟ್ಟಿಗೆ ಒಂದೇ: ಎಲ್ಲವನ್ನೂ ಬಾಯಿಮಾತಿನಲ್ಲಿ ಮುಗಿಸಿಬಿಡುತ್ತಾರೆ. ಶಿಕ್ಷಕಿ ‘ಇನ್ನಷ್ಟು ದಿನ ನೋಡೋಣ’ ಎಂದರೆ ತಲೆಯಾಡಿಸಿ ಬರುತ್ತಾರೆ. ವರ್ಷ ಕಳೆದು, ಸ್ಥಳೀಯ ಸಾರ್ವಜನಿಕ ಶಾಲೆಗಳನ್ನು ನಡೆಸುವ ಆಡಳಿತ ಸಂಸ್ಥೆಯಾದ ಶಾಲಾ ಜಿಲ್ಲೆಯೊಡನೆ ವ್ಯಾಜ್ಯಕ್ಕೆ ನಿಂತಾಗ ತೋರಿಸಲು ಒಂದು ಚೀಟಿಯೂ ಇರುವುದಿಲ್ಲ. 1975ರಲ್ಲಿ ಅಂಗೀಕೃತವಾಗಿ, 1990ರಿಂದ ‘ಐಡಿಇಎ’ ಎಂಬ ಹೆಸರಿನಲ್ಲಿರುವ ಕಾಯ್ದೆಯು ಅಂಗವೈಕಲ್ಯವುಳ್ಳ ಮಗುವಿಗೆ ತಕ್ಕುದಾದ ಶಿಕ್ಷಣವನ್ನು ಉಚಿತವಾಗಿ ಕೊಡುವ ಹೊಣೆಯನ್ನು ಸಾರ್ವಜನಿಕ ಶಾಲೆಗಳ ಮೇಲೆ ಹೊರಿಸಿದೆ. ಆ ಹೊಣೆಯ ದಿನಗಣನೆ ಮಾತ್ರ ಕಾಗದದಿಂದಲೇ ಆರಂಭವಾಗುತ್ತದೆ.

ಮೊದಲು, ವಿಶೇಷ ಶಿಕ್ಷಣ ಬೇಕೇ ಎಂದು ಪರೀಕ್ಷಿಸುವ ಮಗುವಿನ ಮೌಲ್ಯಮಾಪನ ಕೋರಿ ದಿನಾಂಕ ಹಾಕಿದ ಪತ್ರ ಕೊಡಿ. ನಿಮ್ಮ ಲಿಖಿತ ಒಪ್ಪಿಗೆ ಸಿಕ್ಕ 60 ದಿನಗಳೊಳಗೆ, ಅಥವಾ ರಾಜ್ಯವು ತಾನೇ ಗೊತ್ತುಮಾಡಿದ ಗಡುವಿನೊಳಗೆ, ಆ ಮೌಲ್ಯಮಾಪನ ಮುಗಿಯಬೇಕು. ‘ಮನೆಯಲ್ಲಿ ಕನ್ನಡ ಮಾತನಾಡುವುದರಿಂದ ಹೀಗಾಗಿದೆ’ ಎಂದು ಯಾರಾದರೂ ಸಮಾಧಾನ ಹೇಳಿದರೆ ಅಲ್ಲಿಗೇ ಬಿಡಬೇಡಿ. ಮನೆಯಲ್ಲಿ ಬೇರೆ ಭಾಷೆಯಿದೆ ಎಂಬುದು ಮೌಲ್ಯಮಾಪನವನ್ನು ತಳ್ಳಿಹಾಕಲು ಸಾಲುವ ಕಾರಣವಲ್ಲ.

ಎರಡನೆಯದೇ ಎಲ್ಲರೂ ಎಡವುವ ಹಂತ. ಜಿಲ್ಲೆ ನಿಮ್ಮ ಕೋರಿಕೆಯನ್ನು ನಿರಾಕರಿಸಿದರೆ, ಅದನ್ನು ‘ಪ್ರಯರ್ ರಿಟನ್ ನೋಟಿಸ್’ ಎಂಬ ಲಿಖಿತ ಸೂಚನೆಯಾಗಿ ಕೊಡಲೇಬೇಕು. ಯಾವುದನ್ನು ನಿರಾಕರಿಸಲಾಗಿದೆ, ಏಕೆ, ಯಾವ ಪರೀಕ್ಷೆ ಮತ್ತು ದಾಖಲೆಗಳ ಆಧಾರದ ಮೇಲೆ, ಬೇರೆ ಯಾವ ಆಯ್ಕೆಗಳನ್ನು ಪರಿಶೀಲಿಸಿ ಯಾವ ಕಾರಣಕ್ಕೆ ಕೈಬಿಡಲಾಯಿತು ಎಂಬ ವಿವರಗಳೆಲ್ಲ ಅದರಲ್ಲಿರಬೇಕು. ಪೋಷಕರೊಡನೆ ನಡೆಸುವ ಸಭೆಯಲ್ಲಿ ಸಲೀಸಾಗಿ ‘ಆಗದು’ ಎಂದವರು ಇಷ್ಟನ್ನೂ ಬರೆಯಬೇಕಾಗಿ ಬಂದಾಗ ಮತ್ತೊಮ್ಮೆ ಯೋಚಿಸುವುದನ್ನು ನಾನು ಕಂಡಿದ್ದೇನೆ. ಆದ್ದರಿಂದ ಸಭೆ ಮುಗಿದ ಸಂಜೆಯೇ, ‘ಇಂದು ನಾವು ಇಂಥದ್ದನ್ನು ಕೇಳಿದೆವು, ತಾವು ನಿರಾಕರಿಸಿದಿರಿ, ದಯವಿಟ್ಟು ಲಿಖಿತ ಸೂಚನೆ ಕಳುಹಿಸಿ’ ಎಂದು ಮೂರು ಸಾಲಿನ ಇಮೇಲ್ ಹಾಕಿ. ಸಿಟ್ಟು, ವಿಶೇಷಣ, ಕಾನೂನಿನ ಕಲಮುಗಳು ಅದರಲ್ಲಿ ಬೇಡ. ಕಲಮುಗಳನ್ನು ತುರುಕಿ ಮಾರುವ ಸಿದ್ಧ ಮಾದರಿ ಪತ್ರಗಳಿಗೆ ಹಣ ಸುರಿಯಲೂಬೇಡಿ. ಒಕ್ಕೂಟ ಸರ್ಕಾರದ ನೆರವಿನಿಂದ ಪ್ರತಿ ರಾಜ್ಯದಲ್ಲಿಯೂ ನಡೆಯುವ ಪೋಷಕರ ತರಬೇತಿ ಕೇಂದ್ರವು ಉಚಿತವಾಗಿ ದಾರಿ ತೋರಿಸುತ್ತದೆ. ಹಾಜರಿಗೆ ಹಾಕುವ ಸಹಿ ಬೇರೆ, ಒಪ್ಪಿಗೆಗೆ ಹಾಕುವ ಸಹಿ ಬೇರೆ. ಎರಡನೆಯದನ್ನು ಮನೆಗೆ ಒಯ್ದು ಓದದೆ ಹಾಕಬಾರದು. ತಾಯಿಗೆ ಇಂಗ್ಲಿಷ್ ಸರಾಗವಿಲ್ಲದಿದ್ದರೆ ಕನ್ನಡ ದುಭಾಷಿಯನ್ನು ಮುಂಚಿತವಾಗಿಯೇ ಕೇಳಿ. ನಡೆಯುವುದು ಪೋಷಕರಿಗೆ ಅರ್ಥವಾಗುವಂತೆ ನೋಡಿಕೊಳ್ಳುವುದು ಜಿಲ್ಲೆಯ ಕರ್ತವ್ಯ.

ಇಷ್ಟಕ್ಕೂ ಬಗೆಹರಿಯದಿದ್ದರೆ ಸಂಧಾನವಿದೆ, ಅದಕ್ಕೆ ಶುಲ್ಕವಿಲ್ಲ. ನಿಯಮ ಮುರಿದದ್ದು ನಿಚ್ಚಳವಾಗಿದ್ದರೆ ಒಂದು ವರ್ಷದೊಳಗೆ ರಾಜ್ಯ ಶಿಕ್ಷಣ ಇಲಾಖೆಗೆ ದೂರು ಕೊಡಬಹುದು. ನನ್ನ ಮಟ್ಟಿಗೆ ಮೊದಲು ಹಿಡಿಯಬೇಕಾದ ದಾರಿ ಇದೇ.

ಕೊನೆಯದು ‘ಡ್ಯೂ ಪ್ರೋಸೆಸ್’ ವಿಚಾರಣೆ, ಅಂದರೆ ನಿಷ್ಪಕ್ಷಪಾತ ಅಧಿಕಾರಿಯ ಮುಂದೆ ಎರಡೂ ಕಡೆಯವರು ವಾದ ಮಂಡಿಸುವ ವಿಚಾರಣೆ. ಸಾಮಾನ್ಯವಾಗಿ ಇದಕ್ಕೆ ಎರಡು ವರ್ಷಗಳ ಕಾಲಮಿತಿಯಿದೆ. ಈ ವಿಚಾರಣೆ ಕೋರುವ ದೂರಿನಲ್ಲಿ ಬರೆಯದ ವಿಷಯವನ್ನು ಎದುರು ಪಕ್ಷ ಒಪ್ಪದೆ ವಿಚಾರಣೆಯಲ್ಲಿ ಎತ್ತುವಂತಿಲ್ಲವಾದ್ದರಿಂದ, ಪ್ರತಿ ತಕರಾರನ್ನೂ ಅದರ ಸಂಗತಿಗಳೊಡನೆ, ಬಯಸುವ ಪರಿಹಾರದೊಡನೆ ಬಿಡಿಬಿಡಿಯಾಗಿ ನಮೂದಿಸಬೇಕು. ಕೊಲೊರಾಡೊದ ಡಗ್ಲಾಸ್ ಕೌಂಟಿ ಶಾಲಾ ಜಿಲ್ಲೆಯ ಪ್ರಕರಣದಲ್ಲಿ ಸುಪ್ರೀಂ ಕೋರ್ಟು 2017ರಲ್ಲಿ, ಮಗುವಿನ ಪರಿಸ್ಥಿತಿಗೆ ತಕ್ಕ ಪ್ರಗತಿ ಸಾಧ್ಯವಾಗುವಂತೆ ಆ ಮಗುವಿಗೆಂದೇ ಬರೆಯುವ ಶಿಕ್ಷಣ ಯೋಜನೆ (ಐಇಪಿ) ರೂಪುಗೊಂಡಿರಬೇಕು ಎಂದು ಹೇಳಿತು. ಹಾಗಾಗಿ ‘ಶಾಲೆ ಚೆನ್ನಾಗಿಲ್ಲ’ ಎಂದು ಬರೆಯುವ ಬದಲು, ಎರಡು ವರ್ಷವಾದರೂ ಯೋಜನೆಯ ಗುರಿಗಳು ಅಕ್ಷರವೂ ಬದಲಾಗದೆ ಮುಂದುವರಿದಿವೆ ಎಂಬಂಥ ಸಂಗತಿಯನ್ನು ಬರೆಯಿರಿ. ಪುರಾವೆಯ ಭಾರ ದೂರು ತಂದವರ ಮೇಲೆಯೇ ಎಂದು ಅದೇ ಕೋರ್ಟು 2005ರಲ್ಲಿ ತೀರ್ಮಾನಿಸಿದೆ. ಆದರೆ ನ್ಯೂಜೆರ್ಸಿ, ನ್ಯೂಯಾರ್ಕ್‌ನಂಥ ಕೆಲವು ರಾಜ್ಯಗಳು ತಮ್ಮದೇ ಕಾನೂನಿನಿಂದ ಆ ಭಾರವನ್ನು ಬಹುಮಟ್ಟಿಗೆ ಜಿಲ್ಲೆಯ ಮೇಲಿಟ್ಟಿವೆ. ಗೆದ್ದರೆ ವಕೀಲರ ಶುಲ್ಕ ಮರಳಿ ದೊರೆಯಬಹುದು, ತಜ್ಞ ಸಾಕ್ಷಿಗೆ ತೆತ್ತ ಹಣ ಮಾತ್ರ ದೊರೆಯದು.

ಈ ನಡುವೆ ಬೇಸತ್ತು ಮಗುವನ್ನು ಖಾಸಗಿ ಶಾಲೆಗೆ ಸೇರಿಸಿ, ಆ ವೆಚ್ಚವನ್ನು ಜಿಲ್ಲೆಯಿಂದ ಕೇಳುವ ಉದ್ದೇಶವಿದ್ದರೆ, ಬಿಡಿಸುವುದಕ್ಕೆ 10 ಕೆಲಸದ ದಿನ ಮುಂಚೆಯೇ ಅದನ್ನೂ ಪತ್ರದಲ್ಲಿ ತಿಳಿಸಿ. ಇಲ್ಲವಾದರೆ ಆ ಮೊತ್ತಕ್ಕೆ ಕತ್ತರಿ ಬೀಳಬಹುದು.