ಮತದಲ್ಲಿ ಕಾಣದ್ದು ಪ್ರಶ್ನೆಪಟ್ಟಿಯಲ್ಲಿ ಸಿಕ್ಕಿತು: ಲೋಕಸಭೆಯ ಜಾಲ ಹೆಣೆದ ನನ್ನ ಅನುಭವ

ಸಂಸದರ ನೆಟ್‌ವರ್ಕ್, ಅಂದರೆ ಯಾರಿಗೆ ಯಾರ ಜೊತೆ ಕೊಂಡಿ ಇದೆ ಎಂದು ತೋರಿಸುವ ಜಾಲ, ಕಟ್ಟುತ್ತೇನೆ ಎಂದಾಗ ಗೆಳೆಯನೊಬ್ಬ ನಕ್ಕಿದ್ದ. "ಎರಡು ಉಂಡೆ ಬರುತ್ತೆ. ಒಂದು ಆಡಳಿತ, ಇನ್ನೊಂದು ವಿರೋಧ. ಅದಕ್ಕೆ ಕಂಪ್ಯೂಟರ್ ಯಾಕೋ ಬೇಕು?" ಅಂದ. ಮೊದಲ ಒಂದು ವರ್ಷ ಅವನು ಹೇಳಿದ್ದೇ ಸರಿಯಾಗಿತ್ತು. ಅದನ್ನು ಒಪ್ಪಿಕೊಂಡೇ ಮುಂದೆ ಬರೆಯುತ್ತೇನೆ.

ಮೆಡಿಚಿ ಮನೆತನ, ಕರಾಟೆ ಕ್ಲಬ್ ಎಲ್ಲ ಜಾಲ ಹೆಣೆಯಲು ಕಲಿಯುವವರು ಮೊದಲು ಕೈ ಆಡಿಸುವ ಸಿದ್ಧ ಮಾದರಿಗಳು. ಅಲ್ಲಿಂದ ನಮ್ಮ ಸಂಸತ್ತಿಗೆ ಬಂದರೆ ತೊಂದರೆ ಶುರು. ಅಮೆರಿಕದವರಿಗೆ ಒಂದು ಅನುಕೂಲ ಇದೆ. ಅಲ್ಲಿ ಮಸೂದೆಗೆ ಹಲವರು ಜೊತೆಯಾಗಿ ಹೆಸರು ಕೊಡುತ್ತಾರೆ. ಜೇಮ್ಸ್ ಫೌಲರ್ ಎಂಬ ಸಂಶೋಧಕರು 2006ರಲ್ಲೇ ಆ ಹೆಸರುಗಳಿಂದ ಅಲ್ಲಿನ ಸಂಸತ್ತಾದ ಕಾಂಗ್ರೆಸ್ಸಿನ ಇಡೀ ಜಾಲ ಹೆಣೆದಿದ್ದರು. ನಮ್ಮಲ್ಲಿ ಬಹುಪಾಲು ಧ್ವನಿಮತ, ಯಾರು ಯಾವ ಕಡೆ ಕೂಗಿದರೋ ದಾಖಲೆಯೇ ಇಲ್ಲ. ದಾಖಲೆ ಇರುವ ಮತಗಳಲ್ಲೂ ಹುರುಳಿಲ್ಲ. 1985ರಲ್ಲಿ ಪಕ್ಷಾಂತರ ನಿಷೇಧ ಕಾಯ್ದೆ ಬಂದ ಮೇಲೆ ವಿಪ್ (ಹೀಗೇ ಮತ ಹಾಕಿ ಎನ್ನುವ ಪಕ್ಷದ ಆದೇಶ) ಮೀರಿದವರು ಸ್ಥಾನವನ್ನೇ ಕಳೆದುಕೊಳ್ಳಬಹುದು. ಹಾಗಾಗಿ ಮತದಿಂದ ಬರುವುದು ಗೆಳೆಯ ಹೇಳಿದ ಆ ಎರಡು ಉಂಡೆಗಳೇ.

ಆಮೇಲೆ ಸ್ಥಾಯಿ ಸಮಿತಿಗಳಿಗೆ ಕೈ ಹಾಕಿದೆ. ಇಲಾಖೆಗಳಿಗೆ ಸಂಬಂಧಿಸಿದವು 24, ಒಂದೊಂದರಲ್ಲಿ 31 ಜನ. ಒಂದೇ ಸಮಿತಿಯಿಂದ 465 ಕೊಂಡಿ! ಎಲ್ಲರಿಗೂ ಎಲ್ಲರೂ ನೆಂಟರು. ಜಾಲದ ಚಿತ್ರ ಬಿಡಿಸುವ ಗೆಫಿ ಎಂಬ ತಂತ್ರಾಂಶದಲ್ಲಿ ತೆರೆದರೆ ಹತ್ತಿ ಬಿಡಿಸಿಟ್ಟ ಹಾಗೆ ಕಾಣುತ್ತಿತ್ತು. ಅದನ್ನು ಬಿಟ್ಟು, ಜಾಲತಾಣವೊಂದರಲ್ಲಿ ಸಂಸದರು ಯಾರನ್ನು ಉಲ್ಲೇಖಿಸುತ್ತಾರೆ ಎಂದು ಕಲೆಹಾಕಲು ಹೋದೆ. ಐದಾರು ತಿಂಗಳು ಕೂತು ಕೋಡ್ ಬರೆದೆ. ಅಷ್ಟರಲ್ಲಿ ಉಚಿತವಾಗಿ ಡೇಟಾ ಕೊಡುವುದನ್ನು ಆ ಜಾಲತಾಣದವರು ನಿಲ್ಲಿಸಿಬಿಟ್ಟರು. ಬಾಡಿಗೆ ಸರ್ವರ್‌ಗೆಂದು ಆಗಲೇ ಹದಿನಾಲ್ಕು ಸಾವಿರ ರೂಪಾಯಿ ಸುರಿದಿದ್ದೆ. ಮನೆಯಲ್ಲಿ ಆ ಲೆಕ್ಕ ಇವತ್ತಿಗೂ ಎಂಟು ಸಾವಿರ.

ದಾರಿ ತೋರಿಸಿದ್ದು ಪ್ರಶ್ನೆಪಟ್ಟಿ. ಲೋಕಸಭೆಯಲ್ಲಿ ದಿನಕ್ಕೆ ಚುಕ್ಕೆ ಗುರುತಿನ (ಸದನದಲ್ಲಿ ಮೌಖಿಕ ಉತ್ತರದ) ಪ್ರಶ್ನೆ 20, ಚುಕ್ಕೆ ಗುರುತಿಲ್ಲದವು (ಲಿಖಿತ ಉತ್ತರದವು) 230. ಬೇರೆಬೇರೆ ಸದಸ್ಯರು ಒಂದೇ ಥರದ ಪ್ರಶ್ನೆ ಕಳಿಸಿದ್ದರೆ ಲೋಕಸಭೆಯ ಕಾರ್ಯಾಲಯ ಅವನ್ನು ಸೇರಿಸಿ ಒಂದೇ ಸಂಖ್ಯೆಯಡಿ ಹೆಸರುಗಳನ್ನು ಹಾಕುತ್ತದೆ. ಒಂದು ದಿನ ಸುಮ್ನೆ ಪಟ್ಟಿ ತಿರುವುತ್ತಿದ್ದಾಗ ಅದೇ ಮೂರು ಹೆಸರು ಬೇರೆಬೇರೆ ಇಲಾಖೆಯ ಪ್ರಶ್ನೆಗಳಲ್ಲಿ ಜೊತೆಯಾಗಿಯೇ ಬರುತ್ತಿದ್ದುದು ಕಣ್ಣಿಗೆ ಬಿತ್ತು. ಇದು ಆಕಸ್ಮಿಕ ಅಲ್ಲ ಅಲ್ವಾ? ಯಾರೋ ಕೂತು ಮಾತಾಡಿಕೊಂಡೇ ಕಳಿಸಿದ್ದಾರೆ.

17ನೇ ಲೋಕಸಭೆಯನ್ನು (2019–24) ತೆಗೆದುಕೊಂಡೆ. ಐದು ವರ್ಷಕ್ಕೆ ಪ್ರಶ್ನೆಗಳು ಅರವತ್ತು ಸಾವಿರದ ಆಸುಪಾಸು. ಡೌನ್‌ಲೋಡ್ ದೊಡ್ಡ ಕೆಲಸ ಆಗಲಿಲ್ಲ, ಹೆಸರುಗಳು ಪ್ರಾಣ ತಿಂದವು. ಒಂದು ಕಡೆ ಇನಿಷಿಯಲ್ ಮುಂದೆ, ಇನ್ನೊಂದು ಕಡೆ ಹಿಂದೆ. ಒಮ್ಮೆ ಡಾಕ್ಟರ್, ಒಮ್ಮೆ ಶ್ರೀ. ಮೊದಲ ಸಲ ಬಿಟ್ವೀನ್‌ನೆಸ್ (ಬೇರೆಬೇರೆ ಗುಂಪುಗಳ ನಡುವೆ ಯಾರು ಎಷ್ಟು ಸೇತುವೆಯಾಗಿದ್ದಾರೆ ಅನ್ನುವ ಅಳತೆ) ತೆಗೆದಾಗ ಹೆಚ್ಚು ಸದ್ದಿಲ್ಲದ ಸದಸ್ಯರೊಬ್ಬರು ಇಡೀ ಸದನದಲ್ಲಿ ಮೊದಲ ಸ್ಥಾನಕ್ಕೆ ಬಂದರು. ಉತ್ತರ ದಕ್ಷಿಣ ಬೆಸೆಯುವ ಸೇತುವೆ! ಎರಡು ದಿನ ಹಿಗ್ಗಿದೆ, ನಾಲ್ಕು ಜನರಿಗೆ ಚಿತ್ರ ಕಳಿಸಿದೆ. ಮೂರನೇ ದಿನ ನೋಡಿದರೆ ಅದು ಒಬ್ಬರಲ್ಲ, ಹೆಸರು ಹೋಲುವ ಇಬ್ಬರು. ನನ್ನ ಕೋಡ್ ಇಬ್ಬರನ್ನೂ ಒಂದೇ ನೋಡ್, ಅಂದರೆ ಜಾಲದ ಒಂದೇ ಬಿಂದು, ಮಾಡಿತ್ತು. ನಕ್ಕಿದ್ದ ಗೆಳೆಯನೂ ಆ ನಾಲ್ವರಲ್ಲಿದ್ದ. ಆಮೇಲೆ ಒಬ್ಬ ವಿದ್ಯಾರ್ಥಿಗೆ ಒಂಬತ್ತು ಸಾವಿರ ಕೊಟ್ಟು ಹೆಸರುಗಳನ್ನೆಲ್ಲ ಕೈಯಲ್ಲೇ ಹೊಂದಿಸಿದೆ. ಈ ಕೆಲಸದಲ್ಲಿ ದಂಡವಾಗದ ಹಣ ಅಂದರೆ ಅದೊಂದೇ.

ಎರಡನೇ ಸೋಲು ತೂಕದ್ದು, ಅಂದರೆ ಯಾವ ಕೊಂಡಿ ಎಷ್ಟು ಗಟ್ಟಿ ಅನ್ನುವ ಲೆಕ್ಕದ್ದು. ಎಂಟು ಹೆಸರಿರುವ ಒಂದು ಪ್ರಶ್ನೆ 28 ಕೊಂಡಿ ಹುಟ್ಟಿಸುತ್ತದೆ, ಎರಡು ಹೆಸರಿರುವುದು ಒಂದೇ ಒಂದು. ಆದರೆ ನಿಜವಾದ ಗೆಳೆತನ ಇರುವುದು ಆ ಇಬ್ಬರದ್ದರಲ್ಲಿ. ಹೆಸರುಗಳ ಸಂಖ್ಯೆಯಲ್ಲಿ ಒಂದು ಕಳೆದು, ಉಳಿದದ್ದರಿಂದ ಪ್ರತಿ ಕೊಂಡಿಯ ತೂಕವನ್ನೂ ಭಾಗಿಸಿದೆ. ಹಾಗೂ ಸಾಲಲಿಲ್ಲ. ಸಚಿವಾಲಯಗಳನ್ನು ವಾರದ ದಿನಗಳಿಗೆ ಐದು ಗುಂಪು ಮಾಡಿ ಹಂಚಿರುತ್ತಾರೆ. ಒಂದೇ ದಿನ ಕೇಳುವವರು ಸುಮ್ಮನೆ ಡಿಕ್ಕಿಯಾಗುವುದೂ ಇದೆ. ಅದಕ್ಕೆ ಅದೇ ದಿನದ, ಅದೇ ಸಚಿವಾಲಯದ ಹೆಸರುಗಳನ್ನು ಸಾವಿರ ಸಲ ಕಲಸಿ, ಕಲಸಿದಾಗಲೂ ಬರುವ ಕೊಂಡಿಗಳನ್ನು ಕಿತ್ತು ಹಾಕಿದೆ. ಹತ್ತರಲ್ಲಿ ಎಂಟು ಹೋದವು. ಎಲ್ಲಿಗೆ ಕತ್ತರಿಸಿದೆ ಅನ್ನುವ ಸಂಖ್ಯೆಯನ್ನು ಮಾತ್ರ ಕೇಳಬೇಡಿ, ಅದಕ್ಕೆ ಮೂರು ತಿಂಗಳು ಹಿಡಿದಿದೆ.

ಖಾಲಿ ಜಾಗಗಳೂ ಮೋಸ ಮಾಡುತ್ತವೆ. 2020ರ ಮುಂಗಾರು ಅಧಿವೇಶನದಲ್ಲಿ ಪ್ರಶ್ನೋತ್ತರ ಅವಧಿಯೇ ಇರಲಿಲ್ಲ, ಲಿಖಿತ ಉತ್ತರ ಮಾತ್ರ. ಡಿಸೆಂಬರ್ 2023ರಲ್ಲಿ ಲೋಕಸಭೆಯ ಸುಮಾರು ನೂರು ಸದಸ್ಯರು ಅಮಾನತಾದಾಗ ಅವರ ಹೆಸರುಗಳನ್ನು ಪಟ್ಟಿಯಿಂದ ತೆಗೆದರು. ಇದು ಗೊತ್ತಿಲ್ಲದೆ ಗ್ರಾಫ್ ನೋಡಿದವರು ವಿರೋಧ ಪಕ್ಷಗಳ ಒಗ್ಗಟ್ಟು ರಾತ್ರೋರಾತ್ರಿ ಒಡೆಯಿತು ಎಂದೇ ಬರೆಯುತ್ತಾರೆ. ಮಂತ್ರಿಗಳಂತೂ ಪ್ರಶ್ನೆ ಕೇಳುವುದೇ ಇಲ್ಲ. ಹಾಗಾಗಿ ದೊಡ್ಡ ಅಧಿಕಾರ ಇರುವವರೇ ಈ ಜಾಲದಲ್ಲಿ ಇಲ್ಲ. ಇದು ಕೊರತೆ ಎಂದುಕೊಂಡಿದ್ದೆ, ಆಮೇಲೆ ಲಾಭ ಆಯಿತು. 2021ರ ಜುಲೈ 7ರಂದು ಸಂಪುಟ ಪುನಾರಚನೆಯಾದಾಗ ಕೆಲವು ಸಂಸದರು ಮಂತ್ರಿಗಳಾಗಿ ಜಾಲದಿಂದ ಮಾಯವಾದರು. ಅವರು ಬಿಟ್ಟ ತೂತನ್ನು ಮುಂದಿನ ಅಧಿವೇಶನದಲ್ಲಿ ಯಾರು ತುಂಬಿದರು ಎಂದು ನೋಡುತ್ತಾ ಹೋದೆ. ಪಕ್ಷದೊಳಗೆ ಮುಂದಿನ ಸರದಿ ಯಾರದ್ದು ಎಂದು ಕಾಣುವುದು ಅಲ್ಲಿ.

"ಇದು ಸಂಸದರ ಜಾಲ ಅಲ್ಲ, ಅವರ ಸಹಾಯಕರ ಜಾಲ" ಅನ್ನುವ ಆಕ್ಷೇಪ ಜಾಸ್ತಿ ಬಂತು. ಸರಿಯಾದ ಮಾತೇ. ಪ್ರಶ್ನೆ ಬರೆಯುವವರು ಬೇರೆ, ಸಹಿ ಬೇರೆ ಇರುತ್ತದೆ. ಹಣ ಪಡೆದು ಪ್ರಶ್ನೆ ಕೇಳಿದ ಹಗರಣದಲ್ಲಿ 2005ರಲ್ಲಿ 11 ಸದಸ್ಯರನ್ನು ಸಂಸತ್ತು ಹೊರಹಾಕಿದ್ದೂ ಗೊತ್ತಿದ್ದದ್ದೇ. ಆದರೆ ಯಾರ ಕಚೇರಿಯ ಕರಡು ಯಾರ ಮೇಜಿಗೆ ಹೋಗುತ್ತದೆ ಅನ್ನುವುದೂ ರಾಜಕೀಯವೇ ತಾನೆ? ಇದೇ ಗುಂಗಿನಲ್ಲಿ ಪಠ್ಯ ಹೋಲಿಕೆಯನ್ನೂ ಮಾಡಿ ನೋಡಿದೆ. ಮೊದಲ ಸುತ್ತಿನಲ್ಲಿ ಎಲ್ಲರೂ ಎಲ್ಲರಿಂದಲೂ ನಕಲು ಮಾಡಿದ ಹಾಗೆ ಬಂತು. ಕಾರಣ ನೋಡಿದರೆ ‘ಇಫ್ ಸೋ, ದ ಡೀಟೇಲ್ಸ್ ದೇರ್‌ಆಫ್’ (ಹಾಗಿದ್ದರೆ, ಅದರ ವಿವರಗಳು). ಇಂಗ್ಲಿಷ್ ಪಟ್ಟಿಯಲ್ಲಿ ಹೆಜ್ಜೆಗೊಂದು ಸಲ ಬರುವ ಸಾಲು. ಅದರ ಥರದ ಮೂವತ್ತು ಸಿದ್ಧ ಮಾತುಗಳನ್ನು ಕಿತ್ತ ಮೇಲೆಯೇ ಏನೋ ಕಾಣತೊಡಗಿದ್ದು.

ಕೊನೆಗೆ ನಾನು ಮಾಡಿದ ಪರೀಕ್ಷೆ ಇಷ್ಟು. ಪಕ್ಷ, ರಾಜ್ಯ ಯಾವುದನ್ನೂ ಹೇಳದೆ ಮೊದಲ ನಾಲ್ಕು ವರ್ಷದ ಜಾಲವನ್ನು ಲೈಡನ್‌ಗೆ, ಅಂದರೆ ಜಾಲದೊಳಗಿನ ಗುಂಪುಗಳನ್ನು ತಾನೇ ಹುಡುಕುವ ಲೆಕ್ಕದ ವಿಧಾನಕ್ಕೆ, ಕೊಟ್ಟೆ. ಬಂದ ಗುಂಪುಗಳಲ್ಲಿ ಕೆಲವು ಪಕ್ಷದ ಗೋಡೆಯನ್ನು ಲೆಕ್ಕಕ್ಕೇ ಇಟ್ಟಿರಲಿಲ್ಲ. ಕರಾವಳಿ, ಮಲೆನಾಡಿನ ಕಡೆಯ ಕೊಂಡಿಗಳಲ್ಲಿ ಒಂದು ರಾಜ್ಯದ ಗಡಿ ದಾಟಿ ಕೇರಳಕ್ಕೆ ಹೋಗಿತ್ತು. ತೆಗೆದು ಓದಿದರೆ ಅಡಿಕೆಯ ಪ್ರಶ್ನೆ. ಮುಂದಿನ ವರ್ಷ ಜೊತೆಯಾಗಿ ಬರಬಹುದಾದ ಐವತ್ತು ಜೋಡಿಗಳನ್ನು ಮೊದಲೇ ಬರೆದು ಗೆಳೆಯನಿಗೆ ಮೇಲ್ ಮಾಡಿದ್ದೆ. ನೆನಪಿನಿಂದ ಹೇಳುತ್ತಿದ್ದೇನೆ, ಮೂವತ್ತನಾಲ್ಕೋ ಮೂವತ್ತೈದೋ ಬಂದವು. ಪಕ್ಷ ಒಂದನ್ನೇ ನೋಡಿ ಅವನು ಬರೆದ ಐವತ್ತರಲ್ಲಿ ಬಂದದ್ದು ಹನ್ನೊಂದು. ಎರಡು ಉಂಡೆಯ ಮಾತು ಅವನು ಮತ್ತೆ ಎತ್ತಿಲ್ಲ.

ಈಗ ರಾಜ್ಯಸಭೆಗೆ ಕೈ ಹಾಕಿದ್ದೇನೆ. ಅಲ್ಲಿ ಎರಡು ವರ್ಷಕ್ಕೊಮ್ಮೆ ಮೂರನೇ ಒಂದು ಭಾಗ ಸದಸ್ಯರು ನಿವೃತ್ತರಾಗುತ್ತಾರೆ. ಜಾಲ ಗಟ್ಟಿಯಾಗುವ ಹೊತ್ತಿಗೆ ನೋಡ್‌ಗಳೇ ಬದಲಾಗಿರುತ್ತವೆ. ಎರಡು ಅಧಿವೇಶನ ಮುಗಿಸಿದ್ದೇನೆ, ಇನ್ನೂ ಏನೂ ಹೊಳೆದಿಲ್ಲ. ಹೆಸರು ಹೋಲುವವರು ಮಾತ್ರ ಅಲ್ಲೂ ಸಿಕ್ಕಿದ್ದಾರೆ.