ಎರಡು ಅಂಕಕ್ಕಾಗಿ ನಾನು ಕಟ್ಟಿದ ಫೈಲು

ಟಿಇಟಿ, ಅಂದರೆ ಶಿಕ್ಷಕರ ಅರ್ಹತಾ ಪರೀಕ್ಷೆಯ ಕೀ ಉತ್ತರ (ಪರೀಕ್ಷೆ ನಡೆಸಿದವರು ಪ್ರಕಟಿಸುವ ಸರಿ ಉತ್ತರಗಳ ಪಟ್ಟಿ) ಬಂದ ರಾತ್ರಿ, ನಾನು ವೃತ್ತ ತುಂಬಿ ಉತ್ತರಿಸಿದ ಒಎಂಆರ್ ಹಾಳೆಯ ಕಾರ್ಬನ್ ಪ್ರತಿ ಮುಂದಿಟ್ಟುಕೊಂಡು ಮೂರು ಸಲ ಎಣಿಸಿದೆ. ಮೂರು ಸಲವೂ 88. ಟಿಇಟಿಯಲ್ಲಿ 150 ಪ್ರಶ್ನೆ, ಒಂದಕ್ಕೆ ಒಂದು ಅಂಕ. ತಪ್ಪು ಉತ್ತರಕ್ಕೆ ಕಡಿತ ಇಲ್ಲ. ನನಗೆ ಬೇಕಿದ್ದದ್ದು ಶೇ. 60, ಅಂದರೆ 90. ಆ ಎರಡು ಅಂಕ ಇಲ್ಲದಿದ್ದರೆ ಶಿಕ್ಷಕರ ನೇಮಕಾತಿಗೆ ಅರ್ಜಿ ಹಾಕುವ ಹಾಗೇ ಇಲ್ಲ.

ಎಣಿಸುವಾಗ ಮೂರು ಪ್ರಶ್ನೆಗಳ ಹತ್ತಿರ ಕೈ ನಿಂತಿತ್ತು. ಕೀ ತಪ್ಪಿದೆ ಅಂತ ಅನಿಸಿತು. ಸಿಟ್ಟೂ ಬಂತು. ಮರುದಿನ ಬೆಳಿಗ್ಗೆ ಬಸ್ ಹತ್ತಿ ಧಾರವಾಡಕ್ಕೆ ಹೋದೆ. ಅಲ್ಲಿನ ಹೈಕೋರ್ಟ್ ಪೀಠದಲ್ಲಿ ನಮ್ಮ ಕಡೆಯ ವಕೀಲರೊಬ್ಬರಿದ್ದಾರೆ. ರಿಟ್ ಅರ್ಜಿ ಹಾಕಿಬಿಡೋಣ ಸರ್ ಅಂದೆ.

"ನೋಡವ್ವಾ, ಕೋರ್ಟಿನ ಮಾತು ಆಮ್ಯಾಲೆ. ಮೊದಲು ಕೀ ತಪ್ಪೈತಿ ಅಂತ ಪರೀಕ್ಷೆ ನಡೆಸಿದವರಿಗೇ ಆಕ್ಷೇಪಣೆ ಹಾಕು. ಜಡ್ಜ್ ಸಾಹೇಬ್ರು ಓದ್ತಾರ ಅಂತ ತಿಳ್ಕೊಂಡು ಬರಿ" ಅಂದರು.

ಆಮೇಲೆ ಅರ್ಧ ಗಂಟೆ ಕೂರಿಸಿಕೊಂಡು ಎರಡು ತೀರ್ಪು ತಿಳಿಸಿ ಹೇಳಿದರು. ಒಂದು 1983ರದ್ದು, ಕಾನ್ಪುರ ವಿಶ್ವವಿದ್ಯಾಲಯದ ಪ್ರಕರಣ. ಕೀ ಉತ್ತರ ಸರಿ ಇದೆ ಅಂತಲೇ ಕೋರ್ಟ್ ಹಿಡಿಯುತ್ತದೆ. ತಪ್ಪು ಅನ್ನುವುದು ಎದ್ದು ಕಾಣಬೇಕು. ವಾದದ ಮೇಲೆ ವಾದ ಹೆಣೆದು ತೋರಿಸುವ ತಪ್ಪು ಸಾಲದು. ಅಲ್ಲಿ ವಿದ್ಯಾರ್ಥಿಗಳು ಗೆದ್ದರು, ಯಾಕೆಂದರೆ ಪಠ್ಯಪುಸ್ತಕಗಳೇ ಅವರ ಪರ ಇದ್ದವು. ಇನ್ನೊಂದು ರಣ್ ವಿಜಯ್ ಸಿಂಗ್ ಪ್ರಕರಣ. ಉತ್ತರ ಪ್ರದೇಶದ 2009ರ ಶಿಕ್ಷಕರ ನೇಮಕಾತಿ ಪರೀಕ್ಷೆ, ಸುಪ್ರೀಂ ಕೋರ್ಟ್ ತೀರ್ಪು ಬಂದದ್ದು 2017ರ ಡಿಸೆಂಬರ್‌ನಲ್ಲಿ. ಸಂಶಯ ಇದ್ದರೆ ಅದರ ಲಾಭ ಪರೀಕ್ಷೆ ನಡೆಸಿದವರಿಗೆ, ಇಲ್ಲಿ ಕನಿಕರಕ್ಕೆ ಜಾಗ ಇಲ್ಲ ಅಂತ ಕೋರ್ಟ್ ಹೇಳಿತು. ಕೇಳಿ ಎದೆ ಭಾರವಾಯಿತು. ಆದರೆ ಆ ಮಾತಿನಿಂದಲೇ ನನ್ನ ಫೈಲು ಸರಿಯಾಯಿತು.

ನನ್ನ ಮೂರು ಪ್ರಶ್ನೆಗಳನ್ನು ಈ ಅಳತೆಗೆ ಹಚ್ಚಿ ನೋಡಿದೆ.

ಮೊದಲನೆಯದು, ‘ಮಳೆಗಾಲ’ ಯಾವ ಸಂಧಿ? ಕೀಯಲ್ಲಿ ಲೋಪಸಂಧಿ ಅಂತ ಇತ್ತು. ಮಳೆ, ಕಾಲ ಸೇರಿದಾಗ ಕಕಾರ ಹೋಗಿ ಗಕಾರ ಬಂದಿದೆ. ಅದು ಆದೇಶಸಂಧಿ ಅಲ್ವಾ? ಪ್ರೌಢಶಾಲೆಯ ಕನ್ನಡ ಪುಸ್ತಕದ ವ್ಯಾಕರಣ ಭಾಗದಲ್ಲಿ ಇದೇ ಪದ ಉದಾಹರಣೆಯಾಗಿತ್ತು. ಆ ಪುಟ, ಪುಸ್ತಕದ ಹೊದಿಕೆ, ಮುದ್ರಣದ ವರ್ಷ ಇರುವ ಪುಟ, ಮೂರನ್ನೂ ಸ್ಕ್ಯಾನ್ ಮಾಡಿಸಿದೆ. ಆಕ್ಷೇಪಣೆ ಬರೆದದ್ದು ಎರಡೇ ಸಾಲು.

ಎರಡನೆಯದರ ಮೇಲೆ ನನಗೆ ನಂಬಿಕೆ ಜಾಸ್ತಿ ಇತ್ತು. ‘ಸ್ಕ್ಯಾಫೋಲ್ಡಿಂಗ್’ (ಕಲಿಯುವ ಮಗು ತಾನೇ ಮಾಡುವಂತಾಗುವವರೆಗೆ ಕೊಡುವ ಆಸರೆ) ಪರಿಕಲ್ಪನೆ ಯಾರದು? ಆಯ್ಕೆಗಳಲ್ಲಿ ಮನಶ್ಶಾಸ್ತ್ರಜ್ಞರಾದ ವೈಗೋಟ್‌ಸ್ಕಿ, ಬ್ರೂನರ್ ಇಬ್ಬರೂ ಇದ್ದರು. ಕೀ ಪ್ರಕಾರ ವೈಗೋಟ್‌ಸ್ಕಿ. ಆದರೆ ಕಲಿಕೆಯ ವಿಷಯದಲ್ಲಿ ಆ ಪದ ತಂದದ್ದು 1976ರಲ್ಲಿ ವುಡ್, ಬ್ರೂನರ್, ರಾಸ್ ಸೇರಿ ಬರೆದ ಲೇಖನ. ವೈಗೋಟ್‌ಸ್ಕಿ ತೀರಿಕೊಂಡದ್ದು 1934ರಲ್ಲಿ. ಮೂರು ಪುಟ ಬರೆದುಕೊಂಡು ಹೋದೆ. ವಕೀಲರು ಓದಿ, ಇಷ್ಟು ಬಿಡಿಸಿ ಹೇಳಬೇಕಾದರೆ ಇದು ಎದ್ದು ಕಾಣುವ ತಪ್ಪಲ್ಲ ಅಂದರು. ಬಿ.ಎಡ್. ಪುಸ್ತಕಗಳಲ್ಲಿ ಆ ವಿಚಾರವನ್ನು ವೈಗೋಟ್‌ಸ್ಕಿ ಹೆಸರಿಗೇ ಸೇರಿಸಿರುವುದೂ ನಿಜ. ಬಿಡಲು ಮನಸ್ಸಾಗದೆ ಅರ್ಧ ಪುಟಕ್ಕೆ ಇಳಿಸಿ ಹಾಕಿದೆ.

ಮೂರನೆಯದು ಗಣಿತ. ಇಂಗ್ಲಿಷಿನಲ್ಲಿ ಕೇಳಿದ್ದು ಅಭಾಗಲಬ್ಧ (ಭಿನ್ನರಾಶಿಯಾಗಿ ಬರೆಯಲಾಗದ) ಸಂಖ್ಯೆ ಯಾವುದು ಅಂತ. ಕನ್ನಡದಲ್ಲಿ ‘ಅ’ ಬಿಟ್ಟುಹೋಗಿ ‘ಭಾಗಲಬ್ಧ’ ಆಗಿತ್ತು. ಆಯ್ಕೆಗಳು 4, 7, 9, 16ರ ವರ್ಗಮೂಲ. ಕನ್ನಡ ಓದಿದವರಿಗೆ ಮೂರು ಉತ್ತರ ಸರಿ! ಹೊತ್ತು ಮೀರುತ್ತಿತ್ತು, ಮೊದಲನೆಯದನ್ನೇ ತುಂಬಿದ್ದೆ. ಎಲ್ಲರಿಗೂ ಒಂದು ಅಂಕ ಕೊಡಿ ಅಂತ ಕೇಳಿದೆ.

ಹಾಕುವಾಗ ಒಂದು ಎಡವಟ್ಟು ಆಗುವುದರಲ್ಲಿತ್ತು. ಪ್ರಶ್ನೆಗಳು ಒಂದೇ ಆದರೂ ಅವುಗಳ ಕ್ರಮ ಸರಣಿಯಿಂದ ಸರಣಿಗೆ ಬೇರೆ, ನನ್ನದು ಸಿ ಸರಣಿ. ಆಕ್ಷೇಪಣೆಯಲ್ಲಿ ಎ ಸರಣಿಯ ಪ್ರಶ್ನೆ ಸಂಖ್ಯೆ ಕೇಳಿದ್ದರು. ನನ್ನ ಸಂಖ್ಯೆಯನ್ನೇ ಬರೆದಿದ್ದರೆ ಅವರು ಬೇರೆ ಯಾವುದೋ ಪ್ರಶ್ನೆ ತೆಗೆದು ನೋಡುತ್ತಿದ್ದರು. ಸ್ವೀಕೃತಿ ಸಂಖ್ಯೆ ಬಂದ ಪುಟವನ್ನು ಪ್ರಿಂಟ್ ತೆಗೆದಿಟ್ಟೆ.

ಆಕ್ಷೇಪಣೆಗಳನ್ನು ನೋಡಿದ ಮೇಲೆ ಬಂದ ಅಂತಿಮ ಕೀಯಲ್ಲಿ ಮಳೆಗಾಲ ಸರಿಯಾಯಿತು. ಉಳಿದೆರಡು ಹಾಗೇ ಉಳಿದವು. 89.

ಮತ್ತೆ ಧಾರವಾಡಕ್ಕೆ ಹೋದೆ. ಉತ್ತರ ಪ್ರದೇಶದ 69,000 ಶಿಕ್ಷಕರ ನೇಮಕಾತಿಯಲ್ಲಿ ಒಂದೇ ಪ್ರಶ್ನೆಗಾಗಿ ಅಲಹಾಬಾದ್ ಹೈಕೋರ್ಟ್ 2021ರಲ್ಲಿ ಒಂದು ಅಂಕ ಕೊಡಿಸಿತ್ತು. ಅದು ಸಿಕ್ಕಿದ್ದು ಕೋರ್ಟಿಗೆ ಬಂದಿದ್ದ, ಒಂದೇ ಅಂಕ ಕಮ್ಮಿ ಇದ್ದವರಿಗೆ. ನನಗೂ ಒಂದೇ ಬೇಕಿತ್ತಲ್ಲ! ವಕೀಲರು ಅಧಿಸೂಚನೆ ತೆಗೆದು ಒಂದು ಸಾಲು ತೋರಿಸಿದರು. ಅನುವಾದದಲ್ಲಿ ವ್ಯತ್ಯಾಸ ಬಂದರೆ ಇಂಗ್ಲಿಷ್ ರೂಪವೇ ಅಂತಿಮ. ಇದನ್ನು ಒಪ್ಪಿಯೇ ನೀನು ಪರೀಕ್ಷೆ ಬರೆದೆ ಅಂತ ಎದುರಿನವರು ಹೇಳುತ್ತಾರೆ, ಖರ್ಚು ಮಾಡಿಸಿ ಆಸೆ ಹುಟ್ಟಿಸಲಾರೆ ಅಂದರು. ನಾನು ಕೋರ್ಟಿಗೆ ಹೋಗಲಿಲ್ಲ.

ಆ ಸಾಲು ಅನ್ಯಾಯದ್ದು ಅಂತ ನಾನು ಇವತ್ತಿಗೂ ಹೇಳುತ್ತೇನೆ. ಕನ್ನಡ ಶಾಲೆಯಲ್ಲಿ ಕನ್ನಡದಲ್ಲೇ ಗಣಿತ ಕಲಿಸುವ ಶಿಕ್ಷಕಿಯನ್ನು ಅಳೆಯುವ ಪರೀಕ್ಷೆ ಇದು. ಅವಳು ಕನ್ನಡದ ಪ್ರಶ್ನೆಯನ್ನು ನಂಬಿ ಉತ್ತರಿಸಿದ್ದಕ್ಕೆ ಅಂಕ ಹೋಗಬಾರದು.

ಮುಂದಿನ ಸಲ 97 ಬಂತು. 2021ರ ನಂತರ ಟಿಇಟಿ ಪ್ರಮಾಣಪತ್ರ ಜೀವನಪೂರ್ತಿ ಇರುತ್ತದೆ, ಹಾಗಾಗಿ ಮತ್ತೆ ಬರೆಯುವ ಚಿಂತೆ ಇಲ್ಲ. ಆದರೂ ಕೀ ಬಂದ ದಿನ ನಮ್ಮ ತಾಲ್ಲೂಕಿನ ಗ್ರಂಥಾಲಯಕ್ಕೆ ಹೋಗಿ ಪರೀಕ್ಷೆ ಬರೆದವರ ಜೊತೆ ಕೂರುತ್ತೇನೆ. ಅವರಿಗೆ ಹೇಳುವುದು ಇಷ್ಟು. ಕೀ ಸರಿಯಿದ್ದೂ ಅಂಕ ತಾಳೆ ಆಗದಿದ್ದರೆ ಅದು ಬೇರೆ ದಾರಿ. ಉತ್ತರ ಪತ್ರಿಕೆ ಮಾಹಿತಿ ಹಕ್ಕಿನೊಳಗೆ ಬರುತ್ತದೆ ಅಂತ ಸುಪ್ರೀಂ ಕೋರ್ಟ್ 2011ರಲ್ಲೇ ಹೇಳಿದೆ. 10 ರೂಪಾಯಿ ಶುಲ್ಕ ಕಟ್ಟಿ ನಿಮ್ಮ ಒಎಂಆರ್ ಪ್ರತಿ ಕೇಳಿ. ಕೀಯೇ ತಪ್ಪಿದ್ದರೆ ಮೊದಲು ಪಠ್ಯಪುಸ್ತಕದ ಪುಟ ಹುಡುಕಿ. ಕೊನೆಯ ದಿನದವರೆಗೆ ಕಾಯಬೇಡಿ. ಆ ಸಂಜೆ ಎಲ್ಲರೂ ಒಟ್ಟಿಗೇ ಹಾಕಲು ಹೋಗಿ ವೆಬ್‌ಸೈಟ್ ನಿಂತುಬಿಡುತ್ತದೆ.