ಬೋಳು ಧರೆಗೆ ಬೀಜದುಂಡೆ

ಮನೆ ತನಕ ಕಾರು ಬರಲಿ ಅಂತ ಎರಡು ವರ್ಷದ ಹಿಂದೆ ಜೆಸಿಬಿ ತರಿಸಿ ಧರೆ (ಮನೆ ಪಕ್ಕದ ಮಣ್ಣಿನ ದಿಬ್ಬ) ಕಡಿಸಿದೆವು. ಕಾರು ಬಂತು. ಅಂಗಳದ ಪಕ್ಕ ಮೂವತ್ತು ಅಡಿ ಉದ್ದಕ್ಕೆ ಕೆಂಪು ಮಣ್ಣು ಬೋಳಾಗಿ ಉಳಿಯಿತು. ನಮ್ಮ ತೀರ್ಥಹಳ್ಳಿ ಕಡೆ ಮಣ್ಣು ಖಾಲಿ ಬಿಟ್ಟರೆ ಯುಪಟೋರಿಯಂ ಕಳೆ ಬಂದು ಕೂರುತ್ತದೆ, ಆಮೇಲೆ ಎಬ್ಬಿಸೋದು ಕಷ್ಟ. ಅದಕ್ಕಿಂತ ಮೊದಲು ನಮ್ಮ ಹೂಗಳಿಗೆ ಜಾಗ ಹಿಡಿಸೋಣ ಅಂತ ಬೀಜದುಂಡೆಗೆ ಕೈ ಹಾಕಿದೆ.

ಜೇಡಿಮಣ್ಣಿನಲ್ಲಿ ಬೀಜ ಕಟ್ಟಿ ಎಸೆಯುವ ಈ ಕ್ರಮವನ್ನು ಜಗತ್ತಿಗೆ ಪರಿಚಯಿಸಿದ್ದು ಜಪಾನಿನ ರೈತ ಮಸನೊಬು ಫುಕುವೊಕಾ. ಮಳೆ ಬೀಳುವ ತನಕ ಬೀಜವನ್ನು ಇರುವೆ, ಹಕ್ಕಿ, ಬಿಸಿಲಿನಿಂದ ಕಾಯೋದು ಉಂಡೆಯ ಕೆಲಸ. ಆದರೆ ಮಲೆನಾಡಲ್ಲಿ ಮಳೆ ಬರಲ್ಲ ಅನ್ನುವ ಚಿಂತೆಗಿಂತ, ಬಂದರೆ ಬಿಡಲ್ಲ ಅನ್ನುವ ಚಿಂತೆಯೇ ಜಾಸ್ತಿ ಅಲ್ವಾ? ಹಾಗಾಗಿ ಇಲ್ಲಿ ಉಂಡೆಯನ್ನು ಎಸೆಯಬಾರದು, ಕೂರಿಸಬೇಕು.

ಬೀಜಕ್ಕೆ ಪೇಟೆಗೆ ಹೋಗಬೇಡಿ. ಪ್ಯಾಕೆಟ್ಟಿನ ‘ಕಾಡುಹೂ ಮಿಶ್ರಣ’ದಲ್ಲಿ ಹೆಚ್ಚಾಗಿ ಇರೋದು ಹೊರದೇಶದ ಹೂಗಳು. ನಾನು ಆರಿಸಿಕೊಂಡದ್ದು ಗೌರಿ ಹೂ (ಕರ್ಣಕುಂಡಲ), ತುಂಬೆ, ಶಂಖಪುಷ್ಪ, ಗಿಲಿಗಿಚ್ಚಿ. ಗೌರಿ ಹೂವಿನ ಕಾಯಿ ಕೊಯ್ಯೋದಕ್ಕೆ ಸ್ವಲ್ಪ ಉಪಾಯ ಬೇಕು. ಬಲಿತದ್ದನ್ನು ಬೆರಳಲ್ಲಿ ಮುಟ್ಟಿದರೆ ಸಾಕು, ಪಟ್ ಅಂತ ಸಿಡಿದು ಸಿಪ್ಪೆ ಸುರುಳಿ ಸುತ್ತಿಕೊಳ್ಳುತ್ತದೆ, ಬೀಜ ಎಲ್ಲೋ ಹೋಗಿರುತ್ತದೆ. ಕಾಯಿಯನ್ನು ಇಡಿಯಾಗಿ ಮುಷ್ಟಿಯಲ್ಲಿ ಮುಚ್ಚಿ, ಆಮೇಲೆ ಕೀಳಿ. ಅಂಗೈಯೊಳಗೇ ಸಿಡಿದಾಗ ಕಚಗುಳಿ ಇಟ್ಟ ಹಾಗಾಗುತ್ತದೆ. ಗಿಲಿಗಿಚ್ಚಿಯದು ಸುಲಭ, ಒಣಗಿದ ಕಾಯಿ ಅಲ್ಲಾಡಿಸಿದರೆ ಒಳಗೆ ಬೀಜ ಸದ್ದು ಮಾಡುತ್ತದೆ. ದನ ಮೇಯುವ ಜಾಗಕ್ಕೆ ಮಾತ್ರ ಅದನ್ನು ಹಾಕಬೇಡಿ, ವಿಷ.

ಮೊದಲ ವರ್ಷ ನಾನು ಕೆಟ್ಟದ್ದು ಅತಿಬುದ್ಧಿಯಿಂದ. ಶಂಖಪುಷ್ಪದ ಬೀಜದ ಸಿಪ್ಪೆ ಗಟ್ಟಿ ಅಂತ ರಾತ್ರಿಯಿಡೀ ನೆನೆಸಿದೆ. ಉಂಡೆ ಮಾಡಿದ್ದು ಮೇ ಕೊನೆಯ ರೋಹಿಣಿ ಮಳೆ ಹೊತ್ತಲ್ಲಿ, ಮೋಡ ಕವಿದಿತ್ತು, ಉಂಡೆ ಒಣಗಲೇ ಇಲ್ಲ. ನಾಲ್ಕನೇ ದಿನ ನೋಡಿದರೆ ಜಗಲಿ ಮೇಲಿನ ಉಂಡೆಗಳಿಂದ ಬಿಳಿ ಬೇರು ಇಣುಕುತ್ತಿತ್ತು, ಮೊಳಕೆ ಕಟ್ಟಿದ ಹೆಸರುಕಾಳಿನ ಹಾಗೆ. ಬಿಸಿಲು ಬಂದ ಮೇಲೆ ಎಲ್ಲ ಸುಟ್ಟುಹೋಯಿತು. ನೆನೆಸಬೇಡಿ. ಒರಟು ಮರಳಿನ ಜೊತೆ ಅಂಗೈಯಲ್ಲಿ ಉಜ್ಜಿ, ಸಿಪ್ಪೆಗೆ ಗೀರು ಬಿದ್ದರೆ ಸಾಕು. ಉಂಡೆ ಮಾಡೋದು ಏಪ್ರಿಲ್ ಬಿಸಿಲಿರುವಾಗಲೇ ಮುಗಿಸಿ.

ಮಣ್ಣು ಧರೆಯದ್ದು ಬೇಡ. ಜಂಬಿಟ್ಟಿಗೆಯ ನೊರಜುಕಲ್ಲು ಇರುವ ಮಣ್ಣು ಒಣಗಿದರೆ ಪುಡಿಯಾಗುತ್ತದೆ. ಕೆರೆಯ ಗೋಡು (ಹೂಳು) ಒಳ್ಳೆಯದು. ಹುತ್ತದ ಮಣ್ಣು ಇನ್ನೂ ಒಳ್ಳೆಯದು, ಆದರೆ ನಮ್ಮ ಮನೆಯಲ್ಲಿ ಅದಕ್ಕೆ ಗುದ್ದಲಿ ಹಾಕುವ ಹಾಗಿಲ್ಲ! ಐದು ಪಾವು ಜೇಡಿಗೆ ಮೂರು ಪಾವು ಜರಡಿ ಹಿಡಿದ ಹಳೇ ಗೊಬ್ಬರ. ಹಸಿ ಸಗಣಿ ಹಾಕಿದರೆ ಬೂಸ್ಟು ಹಿಡಿಯುತ್ತದೆ. ಬೀಜ ಒಂದು ಪಾವು ಅನ್ನೋದು ಸಾಮಾನ್ಯ ಲೆಕ್ಕ. ತುಂಬೆಯಂಥ ಸಣ್ಣ ಬೀಜ ಅಷ್ಟು ಹಾಕಿದರೆ ಒಂದೇ ಉಂಡೆಯಲ್ಲಿ ಹತ್ತಾರು ಸಸಿ ಕಚ್ಚಾಡುತ್ತವೆ, ಅರ್ಧ ಹಿಡಿ ಸಾಕು.

ಒಣದಾಗಿಯೇ ಬೆರೆಸಿ, ನೀರು ಚಿಮುಕಿಸುತ್ತಾ ಹೋಗಿ. ರೊಟ್ಟಿ ಹಿಟ್ಟಿಗಿಂತ ತುಸು ಗಟ್ಟಿ ಇರಬೇಕು. ಕೈಗೆ ಮೆತ್ತಿದರೆ ನೀರು ಜಾಸ್ತಿ, ಅಂಚು ಬಿರಿದರೆ ಕಮ್ಮಿ. ಗೋಲಿಯಷ್ಟು ಉಂಡೆ ಮಾಡಿ, ಬೂದಿಯಲ್ಲಿ ಹೊರಳಿಸಿ, ಅಡಿಕೆ ಹಾಳೆ ಮೇಲೆ ಗಾಳಿಯಾಡುವ ನೆರಳಲ್ಲಿ ಎರಡು ಮೂರು ದಿನ ಒಣಗಿಸಿ. ಸೊಂಟದ ಎತ್ತರದಿಂದ ಬಿಟ್ಟಾಗ ಒಡೆಯದಿದ್ದರೆ ಸರಿ. ಕೋಳಿ ಇದ್ದರೆ ಕಾವಲು ಬೇಕು.

ಜೂನ್‌ನಲ್ಲಿ ಮೃಗಶಿರ ಮಳೆ ಹಿಡಿದ ಮೇಲೆ ಇಳಿಜಾರಿನಲ್ಲಿ ಕತ್ತಿ ತುದಿಯಿಂದ ಅಂಗೈ ಅಗಲದ ಮೆಟ್ಟಿಲು ಕೆತ್ತಿ, ಗೇಣಿಗೊಂದರಂತೆ ಉಂಡೆ ಇಡಿ. ಅರ್ಧ ಮಾತ್ರ ಹುಗಿಯಿರಿ. ಅರ್ಧ ಚೀಲ ಎತ್ತಿಡಿ, ಜುಲೈನ ಪುನರ್ವಸು, ಪುಷ್ಯ ಮಳೆಯಲ್ಲಿ ಒಂದಷ್ಟು ಕೊಚ್ಚಿಹೋಗೋದು ಖಂಡಿತ. ಖಾಲಿ ಬಿದ್ದ ಮೆಟ್ಟಿಲಿಗೆ ಆಗಸ್ಟ್ ಕೊನೆಗೆ ಮಖೆ ಮಳೆ ಇಳಿದ ಮೇಲೆ ಇನ್ನೊಂದು ಸುತ್ತು. ನೆಟ್ಟಗೆ ಕಡಿದ ಧರೆ ಜರಿಯೋದನ್ನು ಈ ಹೂಗಳು ತಡೆಯಲ್ಲ, ಅದಕ್ಕೆ ಲಾವಂಚ ಬೇರೆಯೇ ನೆಡಿ. ಕಾಡಿಗೆ ಹೋಗಿ ಉಂಡೆ ಎಸೆಯೋದೂ ಬೇಡ, ಅಲ್ಲಿ ಬೀಜಕ್ಕೆ ಬರ ಇಲ್ಲ.

ಈ ಸಲ ಚೌತಿ ಹೊತ್ತಿಗೆ ನಮ್ಮ ಧರೆಯಲ್ಲಿ ಗೌರಿ ಹೂ ತುಂಬಿತ್ತು. ಪಕ್ಕದ ಮನೆಯವರು ಬುಟ್ಟಿ ಹಿಡಿದು ಬಂದರು. ನಾಲ್ಕು ಗಿಡಕ್ಕೆ ಮಾತ್ರ ಬಾಳೆಪಟ್ಟೆ ಕಟ್ಟಿ ಗುರುತು ಮಾಡಿದ್ದೆ. ಅವುಗಳ ಹೂ ಕೊಯ್ಯೋ ಹಾಗಿಲ್ಲ, ಮುಂದಿನ ವರ್ಷದ ಬೀಜ ಅವು.